ಸೊನ್ನೆಗೆ ಒರಗಿದವರು

ಸಮಸ್ತ ನಾಗರಿಕರಿಗೂ ಈ ಮೂಲಕ ಸಾರಿ ಹೇಳುವುದೇನೆಂದರೆ, ವಿಮಾ ಕಂಪನಿಯ ಮೂರನೇ ಮಹಡಿಯಲ್ಲಿರುವ ಅಪಘಾತ ಪರಿಹಾರ ವಿಭಾಗಕ್ಕೆ ಸೋಮವಾರ ಬೆಳಗ್ಗೆ ಒಂದು ತಿರುಗುವ ಕುರ್ಚಿ ಆಗಮಿಸಿತು. ಅದಕ್ಕೆ ಎರಡು ಕೈ, ಐದು ಚಕ್ರ, ಪಕ್ಕದಲ್ಲೊಂದು ಹಿಡಿ. ಹಿಡಿ ಎಳೆದರೆ ಕೂತವರು ಸದ್ದಿಲ್ಲದೆ ಮೇಲೇರುತ್ತಿದ್ದರು. ಇಷ್ಟು ಸಲೀಸಾಗಿ ಮೇಲೇರುವ ದಾರಿ ಆ ಕಚೇರಿಯಲ್ಲಿ ಅಲ್ಲಿಯವರೆಗೆ ಯಾರಿಗೂ ಸಿಕ್ಕಿರಲಿಲ್ಲ. ಮ್ಯಾನೇಜರು ಖುದ್ದಾಗಿ ಬಂದು, ಅದರ ಮೇಲಿನ ಪ್ಲಾಸ್ಟಿಕ್ಕನ್ನು ಸಿಬ್ಬಂದಿಯ ಚಪ್ಪಾಳೆಯ ನಡುವೆ ಹರಿದು, ಕುರ್ಚಿಯನ್ನು ಭಾಗಾಕಾರನಿಗೆ ಒಪ್ಪಿಸಿದರು.

ಭಾಗಾಕಾರ ಅಂದರೆ ಆ ವಿಭಾಗದ ಲೆಕ್ಕಿಗ. ಹೆತ್ತವರು ಇಟ್ಟ ಹೆಸರು ಸಂಬಳದ ಚೀಟಿಯಲ್ಲಿ ಮಾತ್ರ ಉಸಿರಾಡುತ್ತಿತ್ತು. ರಸ್ತೆಯಲ್ಲಿ ಸತ್ತವರ ಮನೆಯವರಿಗೆ ಕಂಪನಿ ಎಷ್ಟು ಕೊಡಬೇಕು ಅನ್ನುವುದನ್ನು ಕಟ್ಟುವುದು ಅವನ ಕೆಲಸ. ಸತ್ತವರ ವರ್ಷದ ದುಡಿಮೆ ಎಷ್ಟು, ಇನ್ನೂ ಎಷ್ಟು ವರ್ಷ ದುಡಿಯುತ್ತಿದ್ದರು, ಎರಡನ್ನೂ ಗುಣಿಸಬೇಕು. ಬದುಕಿದ್ದರೆ ಅವರು ತಮ್ಮ ಹೊಟ್ಟೆಬಟ್ಟೆಗೆ ಖರ್ಚು ಮಾಡಿಕೊಳ್ಳುತ್ತಿದ್ದ ಪಾಲನ್ನು ಅದರಲ್ಲಿ ಕಳೆಯಬೇಕು. ಸತ್ತವರು ಇನ್ನು ಊಟ ಕೇಳುವುದಿಲ್ಲವಲ್ಲ, ಅದು ಕಂಪನಿಗೆ ಉಳಿತಾಯ. ಮಿಕ್ಕಿದ್ದನ್ನು ಅವರ ಅವಲಂಬಿತರಿಗೆ ಹಂಚಬೇಕು. ನಮ್ಮವನು ಗುಣಿಸುವುದರಲ್ಲಿ ನಿಧಾನಿ, ಕಳೆಯುವುದರಲ್ಲಿ ಚುರುಕು, ಭಾಗಿಸುವುದರಲ್ಲಂತೂ ಬೆಣ್ಣೆಯಿಂದ ಕೂದಲು ತೆಗೆದಷ್ಟು ನಯ. ಕೆಟ್ಟವನಲ್ಲ. ಇರುವೆ ಕಂಡರೆ ಕಾಲು ಎತ್ತಿಡುವ ಪೈಕಿ. ಆದರೆ ಫೈಲಿನೊಳಗೆ ಸತ್ತವರು ರಕ್ತ ಸುರಿಸುವುದಿಲ್ಲ, ಅಳುವುದಿಲ್ಲ, ಎದುರು ಮಾತಾಡುವುದಿಲ್ಲ. ಅಂಥವರ ಜೊತೆ ಯಾರು ಬೇಕಾದರೂ ಒಳ್ಳೆಯವರಾಗಿ ಇದ್ದುಬಿಡಬಹುದು.

"ಈ ಕುರ್ಚಿ ಸುಮ್ನೆ ಬಂದಿಲ್ಲಪ್ಪಾ," ಅಂದರು ಮ್ಯಾನೇಜರು. "ಬರೋ ಶುಕ್ರವಾರ ನಮ್ಮ 'ಶೂನ್ಯ ಬಾಕಿ ಶುಕ್ರವಾರ'. ಬಾಕಿ ಇರೋ ಸಾವಿನ ಫೈಲೆಲ್ಲಾ ಒಂದೇ ದಿನದಲ್ಲಿ ರಾಜಿ. ವೇದಿಕೆ, ಮೈಕು, ನ್ಯಾಯಾಧೀಶರು, ಫೋಟೋ, ಎಲ್ಲಾ ಇರುತ್ತೆ. ಮೊದಲು ಆ ಹನ್ನೊಂದು 'ಮನೆಯಲ್ಲೇ ಇದ್ದರು' ಫೈಲು ತೆಗಿ. ಹಗೂರ ಇವೆ, ಬೇಗ ಮುಗಿಯುತ್ತೆ."

ಹಗೂರ ಅನ್ನುವುದು ಸರಿಯಾದ ಮಾತೇ. ಹನ್ನೊಂದರಲ್ಲೂ ಸತ್ತವರು ಹೆಂಗಸರು. ಹನ್ನೊಂದರಲ್ಲೂ ಉದ್ಯೋಗದ ಎದುರು 'ಇಲ್ಲ'. ಉದ್ಯೋಗ ಇಲ್ಲದ್ದಕ್ಕೆ ಆದಾಯ ಸೊನ್ನೆ. ಆದಾಯ ಸೊನ್ನೆಯಾದ್ದರಿಂದ, ಮ್ಯಾನೇಜರು ಹೊರಡಿಸಿದ ಸುತ್ತೋಲೆಯ ಪ್ರಕಾರ, ಅವರನ್ನು ನೆಚ್ಚಿಕೊಂಡವರೂ ಯಾರೂ ಇಲ್ಲ. ಹಾಗಾಗಿ ಗುಣಿಸುವ, ಭಾಗಿಸುವ ರಗಳೆಯೇ ಬೇಡ. 'ಸಾಂತ್ವನ ಮೊತ್ತ' ಅಂತ ಒಂದಿಷ್ಟು ಕೊಟ್ಟು ಕೈ ತೊಳೆದುಕೊಂಡರಾಯಿತು. ಒಂದು ಸುಮಾರಾದ ಫ್ರಿಜ್ಜು ಬರುವಷ್ಟು ದುಡ್ಡು ಅದು.

ಮಂಗಳವಾರ ಬೆಳಗ್ಗೆ ಆ ಹನ್ನೊಂದರಲ್ಲಿ ಒಬ್ಬಾಕೆಯ ಗಂಡ ಬಂದ. ಕ್ಷೌರಿಕ. ಬಸ್‌ಸ್ಟ್ಯಾಂಡಿನ ಹಿಂದಿನ ರಸ್ತೆಯಲ್ಲಿ ಎರಡು ಕನ್ನಡಿಯ ಕಟಿಂಗ್ ಶಾಪ್ ಅವನದು. ಅವನ ಹೆಂಡತಿ, ಅಂಗಡಿಯ ಟವೆಲ್ಲುಗಳ ಗಂಟು ಹೊತ್ತು ರಸ್ತೆ ದಾಟುವಾಗ, ಸಿಗ್ನಲ್ಲಿಗೆ ನಿಲ್ಲದ ಲಾರಿಯೊಂದರ ಅಡಿಗೆ ಸಿಕ್ಕಿದ್ದಳು. ಲಾರಿಗೆ ವಿಮೆ ಕೊಟ್ಟಿದ್ದು ಇದೇ ಕಂಪನಿ.

"ಸಾರ್, ಈ ಸಾಂತ್ವನ ಮೊತ್ತ ಅಂದ್ರೇನು?" ಕಂಪನಿ ಕಳಿಸಿದ ಕಾಗದವನ್ನು ಮೇಜಿನ ಮೇಲಿಟ್ಟು ಕೇಳಿದ.

"ದುಡಿಮೆ ಇಲ್ದೇ ಇದ್ದವರು ತೀರಿಕೊಂಡ್ರೆ ಕೊಡೋದು."

"ಓಹೋ. ನಮ್ಮಾಕೆಗೆ ದುಡಿಮೆ ಇರ್ಲಿಲ್ಲ ಅಂತ ಯಾವ ಪುಣ್ಯಾತ್ಮ ಹೇಳಿದ್ದು?"

ಭಾಗಾಕಾರ ಹೊಸ ಕುರ್ಚಿಯನ್ನು ಒಂದು ಸುತ್ತು ತಿರುಗಿಸಿ, ಕಪಾಟಿನಿಂದ ಫೈಲು ತೆಗೆದು, ಹೇಳಿಕೆಯ ಹಾಳೆಯನ್ನು ಅವನ ಮುಂದೆ ಹಿಡಿದ. ಪೊಲೀಸರು ಬರೆದುಕೊಂಡಿದ್ದರು: ಹೆಂಡತಿ ಏನು ಮಾಡುತ್ತಿದ್ದರು? ಏನೂ ಇಲ್ಲ, ಮನೆಯಲ್ಲೇ ಇದ್ದಳು. ಕೆಳಗೆ ಸಹಿ.

"ನೀವೇ," ಅಂದ ಭಾಗಾಕಾರ.

ಕ್ಷೌರಿಕ ತನ್ನ ಸಹಿಯನ್ನೇ ನೋಡುತ್ತಾ ನಿಂತ. ಇಡೀ ಬೀದಿಯನ್ನು ಮಾತಲ್ಲೇ ಬೋಳಿಸುವವನು, ಆ ಸಹಿಯ ಮೇಲೆ ಹೆಬ್ಬೆರಳಿಟ್ಟು ಉಜ್ಜಿದ.

"ಆಸ್ಪತ್ರೆ ಬಾಗಿಲಲ್ಲಿ ನಿಂತಿದ್ದೆ ಸಾರ್," ಅಂದ. "ಯಾರೋ ಕೇಳಿದ್ರು, ಬಾಯಿಗೆ ಬಂದಿದ್ದು ಹೇಳ್ದೆ. ಮದುವೆ ಆದಾಗಿಂದ ಯಾರು ಕೇಳಿದ್ರೂ ಹಾಗೇ ಹೇಳ್ಕೊಂಡು ಬಂದಿದ್ದೆ. ಅವಳ ಎದುರಿಗೇ ಹೇಳ್ತಿದ್ದೆ. ಅವಳೂ ನಗ್ತಿದ್ಲು." ಮೂಗು ಒರೆಸಿಕೊಂಡ. ಬಾಗಿಲ ಕಡೆ ತಿರುಗಿ ಕರೆದ. "ಬನ್ರಪ್ಪಾ ಒಳಗೆ."

ಬಾಗಿಲಿನಿಂದ ಮೂವರು ಬಂದು ಸಾಲಾಗಿ ನಿಂತರು.

"ಇವರು ಅಡುಗೆ ಮಾಡೋ ಅಮ್ಮ. ಈ ಅಣ್ಣ ನಮ್ಮಪ್ಪನ್ನ ನೋಡ್ಕೊಳ್ಳೋರು. ಅಪ್ಪನಿಗೆ ಲಕ್ವ ಹೊಡೆದು ಮಲಗಿದ್ದಾರೆ, ಎತ್ತಬೇಕು, ತೊಳೀಬೇಕು, ಮಗ್ಗುಲು ಬದಲಾಯಿಸ್ಬೇಕು. ಈ ಅಕ್ಕ ಅಂಗಡಿ ಟವೆಲ್ಲು ಒಗೆಯೋರು. ಮಕ್ಕಳ ಪಾಠಕ್ಕೆ ಒಬ್ರು ಟೀಚರ್ ಕೇಳ್ದೆ. ಅವರು ಹೇಳಿದ ಫೀಸಿಗೆ ನಾನು ಇಡೀ ಊರಿನ ತಲೆ ಬೋಳಿಸ್ಬೇಕು. ಬೇಡಿ ತಾಯಿ ಅಂದೆ."

"ಬೇಗ ಮುಗ್ಸಪ್ಪಾ, ಒಲೆ ಮೇಲೆ ಹಾಲಿಟ್ಟು ಬಂದಿದ್ದೀನಿ," ಅಂದರು ಅಡುಗೆಯಮ್ಮ.

"ಮುಗೀತು ಅಮ್ಮ. ಸಾರ್, ಇಷ್ಟು ಜನ ಸೇರಿ ಮಾಡೋದನ್ನ ಅವಳು ಏನೂ ಮಾಡ್ದೇ ಮಾಡ್ತಿದ್ಲು. ಈಗ ನೀವೇ ಲೆಕ್ಕ ಹಾಕಿ. ನನ್ನ ಸಂಪಾದನೆ ಇವರಿಗೇ ಸಾಲಲ್ಲ. ಅಪ್ಪನ್ನ ನೋಡ್ಕೊಳ್ಳೋ ಅಣ್ಣನಿಗೆ ಎರಡು ತಿಂಗಳ ಸಂಬಳ ಬಾಕಿ. ಈ ತಿಂಗಳೂ ಕೊಡದಿದ್ರೆ ಹೊರಟುಹೋಗ್ತಾರೆ. ಹೋದ್ರೆ ನಾನು ಅಂಗಡಿ ಮುಚ್ಚಿ ಅಪ್ಪನ ಪಕ್ಕ ಕೂರ್ಬೇಕು. ಕೂತ್ರೆ ತಿನ್ನೋದೇನು?"

ಗದ್ದಲ ಕೇಳಿ ಮ್ಯಾನೇಜರು ಕೋಣೆಯಿಂದ ಹೊರಬಂದರು. ವಿಷಯ ಕೇಳಿದರು. ಮುಖವನ್ನು ತಕ್ಕಷ್ಟು ಬಾಡಿಸಿಕೊಂಡರು.

"ನೋಡಿ, ನಾನೂ ಹೆಂಡ್ತಿ ಮಕ್ಕಳಿರೋನೇ. ಆದ್ರೆ ಇದು ನಿಮ್ಮ ಖರ್ಚು, ಆಕೆಯ ಆದಾಯ ಅಲ್ಲ. ನಾನು ನಾಳೆ ಕೈ ಬಿಚ್ಚಿ ಕೊಟ್ರೆ, ಪ್ರೀಮಿಯಂ ಕಟ್ಟೋ ಬಡ ಡ್ರೈವರುಗಳ ಮೇಲೇ ಭಾರ ಬೀಳೋದು. ಅವರೂ ಮನುಷ್ಯರೇ ಅಲ್ವಾ? ಇನ್ನು ತಾಯಿ, ಹೆಂಡತಿ ಮಾಡೋ ಸೇವೆ ಇದೆಯಲ್ಲ, ಅದು ಅಮೂಲ್ಯ. ಅದಕ್ಕೆ ಬೆಲೆ ಕಟ್ಟೋ ಪಾಪದ ಕೆಲಸ ನಮ್ಮ ಕಂಪನಿ ಮಾಡಲ್ಲ."

"ಅಮೂಲ್ಯ ಅಂದ್ರೆ ಪುಕ್ಕಟೆ ಅಂತಾನಾ ಸಾರ್?"

"ಮಾತು ಜೋರಾಗಿದೆ. ಕೋರ್ಟಿಗೆ ಹೋಗಿ ಹಾಗಾದ್ರೆ. ತೀರ್ಪು ಬರೋ ಹೊತ್ತಿಗೆ ನಿಮ್ಮ ಗಿರಾಕಿಗಳಿಗೆಲ್ಲಾ ಕೂದಲು ಉದುರಿರುತ್ತೆ. ಶುಕ್ರವಾರ ಸಹಿ ಹಾಕಿದ್ರೆ ಅಲ್ಲೇ ಚೆಕ್ಕು. ಮುಂದೆ ಏನೂ ಕೇಳೋ ಹಾಗಿಲ್ಲ, ನಾವೂ ಏನೂ ಹೇಳೋ ಹಾಗಿಲ್ಲ. ಯೋಚನೆ ಮಾಡಿ."

ಕಂಕುಳಲ್ಲಿ ದೊಣ್ಣೆ, ಕೈಯಲ್ಲಿ ಶರಣಾರ್ಥಿ. ಮೂವರು ಸಾಕ್ಷಿಗಳು ಬಂದಂತೆಯೇ ಸಾಲಾಗಿ ಹೊರಗೆ ಹೋದರು. ಅಡುಗೆಯಮ್ಮ ಮಾತ್ರ ಬಾಗಿಲಲ್ಲಿ ನಿಂತು, "ಹಾಲು ಉಕ್ಕಿದ್ರೆ ಅದರ ದುಡ್ಡೂ ಇವರೇ ಕೊಡ್ತಾರಾ?" ಅಂತ ಯಾರಿಗೂ ಅಲ್ಲದ ಹಾಗೆ ಕೇಳಿ ಹೋದರು.

ಬುಧವಾರ ಮ್ಯಾನೇಜರು ಭಾಗಾಕಾರನನ್ನೇ ಕ್ಷೌರಿಕನ ಮನೆಗೆ ಅಟ್ಟಿದರು. "ಅವನು ಬಾಯಿಬಡುಕ. ಹತ್ತು ಜನರ ಕಿವಿ ದಿನಾ ಅವನ ಕೈಲಿರುತ್ತೆ. ಅವನು ವೇದಿಕೆ ಮೇಲೆ ನಗ್ತಾ ಚೆಕ್ಕು ತಗೊಂಡ್ರೆ ಉಳಿದ ಹತ್ತು ಮಂದಿ ತಂತಾನೇ ಸಾಲಲ್ಲಿ ಬರ್ತಾರೆ. ಹೋಗಿ ಒಪ್ಪಿಸ್ಕೊಂಡು ಬಾ."

ಕಟಿಂಗ್ ಶಾಪಿನಲ್ಲಿ ಗಿರಾಕಿ ಇರಲಿಲ್ಲ. ಕ್ಷೌರಿಕ ಕುರ್ಚಿ ತೋರಿಸಿದ. "ಕೂತ್ಕೊಳ್ಳಿ ಸಾರ್. ಹೆದರ್ಬೇಡಿ, ಕತ್ತಿ ನನ್ನ ಕೈಲಿದ್ರೂ ಕತ್ತು ನಿಮ್ಮದೇ."

ಭಾಗಾಕಾರ ಕತ್ತು ಮುಟ್ಟಿ ನೋಡಿಕೊಂಡು ಕೂತ. ಒಪ್ಪಿಸುವ ಮಾತು ಇನ್ನೂ ನಾಲಿಗೆಯ ತುದಿಯಲ್ಲಿತ್ತು, ಕ್ಷೌರಿಕನೇ ಶುರು ಮಾಡಿದ.

"ಆ ಲಾರಿ ರಿಪೇರಿ ಮಾಡಿದ ಮೆಕ್ಯಾನಿಕ್ಕು ನನ್ನ ಗಿರಾಕಿ. ಗಲ್ಲಕ್ಕೆ ನೊರೆ ಹಚ್ಚಿದ್ರೆ ಎಂಥವರೂ ನಿಜ ಹೇಳ್ತಾರೆ. ಮುಂದಿನ ಗಾಜು, ಎರಡು ದೀಪ, ಬಂಪರು, ಬಣ್ಣ, ಎಲ್ಲಕ್ಕೂ ನಿಮ್ಮ ಕಂಪನಿ ಕೊಡ್ತಂತೆ. ಕೊಡ್ಲಿ. ಲಾರಿ ರಿಪೇರಿಗೆ ನಿಂತಿತ್ತಲ್ಲ, ಅಷ್ಟು ದಿನ ಓಡದೇ ಇದ್ದದ್ದಕ್ಕೂ ಬಾಡಿಗೆ ಕಟ್ಟಿಕೊಟ್ರಂತೆ. ಹೌದಾ ಸಾರ್?"

ಹೌದು. ಆ ಲೆಕ್ಕ ಕಟ್ಟಿದ್ದೂ ಇದೇ ಭಾಗಾಕಾರ. ಬೆಳಗ್ಗೆ ಲಾರಿಯದ್ದು, ಮಧ್ಯಾಹ್ನ ಊಟ ಮುಗಿಸಿ ಬಂದು ಅವಳದ್ದು. ಲಾರಿಯ ಲೆಕ್ಕಕ್ಕೆ ಮೂರು ಹಾಳೆ ಹಿಡಿದಿತ್ತು. ಒಂದೊಂದು ಬೋಲ್ಟಿಗೂ ಅವನು ಬೆಲೆ ಬರೆದಿದ್ದ. ಹೆಂಗಸಿನದ್ದು ಅರ್ಧ ಹಾಳೆಯಲ್ಲಿ ಮುಗಿದು, ಕೆಳಗಿನ ಖಾಲಿ ಜಾಗದಲ್ಲಿ ಅವನು ಪೆನ್ನು ಬರೆಯುತ್ತದೋ ಇಲ್ಲವೋ ಅಂತ ಗೀಚಿ ನೋಡಿದ್ದ.

"ನಿಂತ ಲಾರಿಗೆ ಬಾಡಿಗೆ ಇದೆ," ಅಂದ ಕ್ಷೌರಿಕ. ಈಗ ಅವನ ದನಿಯಲ್ಲಿ ತಮಾಷೆ ಇರಲಿಲ್ಲ. "ನಿಂತ ಮನೆಗೆ ಇಲ್ಲ. ಯಾವ ನ್ಯಾಯ ಸಾರ್ ಇದು? ಅವಳಿಗೂ ನಾಲ್ಕು ಚಕ್ರ ಇದ್ದಿದ್ರೆ ಬೆಲೆ ಬರ್ತಿತ್ತಾ?"

ಭಾಗಾಕಾರ ಕನ್ನಡಿ ನೋಡಿದ. ಎದುರಿಗೊಂದು, ಹಿಂದೊಂದು. ಎಲ್ಲಿ ನೋಡಿದರೂ ತನ್ನದೇ ಮುಖ, ಸಾಲುಸಾಲು.

ಅಷ್ಟರಲ್ಲಿ ಒಳಗಿನಿಂದ ಒಂದು ಸದ್ದು ಬಂತು. ಮಾತೂ ಅಲ್ಲ, ನರಳಾಟವೂ ಅಲ್ಲ. ಕ್ಷೌರಿಕ ಪರದೆ ಸರಿಸಿ ಓಡಿದ. ಭಾಗಾಕಾರನೂ ಎದ್ದು ಹೋದ. ಅಂಗಡಿಯ ಹಿಂದೆಯೇ ಮನೆ. ಕಿಟಕಿಯ ಪಕ್ಕದ ಮಂಚದಲ್ಲಿ ಮುದುಕ, ಬಾಯಿ ಒಂದು ಕಡೆಗೆ ಸೊಟ್ಟಗಾಗಿದೆ, ಎಡಗೈ ಮಾತ್ರ ಆಡುತ್ತದೆ. ಅವನು ಏನೋ ಹೇಳುತ್ತಿದ್ದ. ಮತ್ತೆ ಮತ್ತೆ, ಒಂದೇ ಸಮನೆ.

"ನೀರಾ ಅಪ್ಪ?" ಮಗ ಲೋಟ ಹಿಡಿದ. ಮುದುಕ ತಲೆ ಅಲ್ಲಾಡಿಸಿದ.

"ಮಗ್ಗುಲು ಬದಲಾಯಿಸ್ಲಾ ಅಜ್ಜ?" ನೋಡಿಕೊಳ್ಳುವ ಅಣ್ಣ ಹೆಗಲಿಗೆ ಕೈ ಹಾಕಿದ. ಅದೂ ಅಲ್ಲ.

ಕಿಟಕಿ ತೆಗೆದರು, ಮುಚ್ಚಿದರು. ಹೊದಿಕೆ ಹೊದೆಸಿದರು, ತೆಗೆದರು. ಅಡುಗೆಯಮ್ಮ ಸೌಟು ಹಿಡಿದೇ ಬಂದು, "ಹಸಿವಾ?" ಅಂದರು. ಏನು ಮಾಡಬೇಕೋ ತೋಚದೆ ಭಾಗಾಕಾರ ಕೂಡ, "ಫ್ಯಾನಾ?" ಅಂದ. ಮುದುಕ ಒಬ್ಬೊಬ್ಬರ ಮುಖವನ್ನೂ ಹುಡುಕಿ ನೋಡಿದ. ಆಮೇಲೆ ಕಣ್ಣು ಮುಚ್ಚಿ, ಹೇಳುವುದನ್ನೇ ನಿಲ್ಲಿಸಿದ.

"ಅವಳಿಗೆ ತಿಳೀತಿತ್ತು," ಅಂದ ಕ್ಷೌರಿಕ, ಲೋಟವನ್ನು ಎಲ್ಲಿಡಬೇಕೋ ಗೊತ್ತಾಗದೆ. "ಮೂರು ವರ್ಷದಿಂದ ಅಪ್ಪ ಮಾತಾಡ್ತಾನೇ ಇದ್ರು. ಅವಳು ಒಲೆ ಮುಂದೆ ನಿಂತೇ 'ಹೂಂ ಮಾವ, ಹೌದಾ ಮಾವ, ನಿಮ್ಮ ಮಗನಿಗೆ ಹೇಳ್ತೀನಿ ಇರಿ' ಅಂತಿದ್ಲು. ಈಗ ಅಪ್ಪನಿಗೆ ಏನು ಬೇಕು ಅಂತ ಒಬ್ಬರಿಗೂ ಗೊತ್ತಾಗಲ್ಲ ಸಾರ್. ದಿನಾ ಹೀಗೇ. ಕೊನೆಗೆ ಅವರೇ ಸುಮ್ಮನಾಗ್ತಾರೆ. ಈ ಕೆಲಸಕ್ಕೆ ಆಳು ಎಲ್ಲಿ ಸಿಗ್ತಾರೆ, ನೀವೇ ಹೇಳಿ."

 ಒಪ್ಪಿಸಲು ಬಂದ ಭಾಗಾಕಾರ ಒಪ್ಪಿಸದೆಯೇ ಬಾಗಿಲ ಕಡೆ ನಡೆದ. ಹೊರಡುವಾಗ ಕ್ಷೌರಿಕನೇ, "ಬರ್ತೀನಿ ಸಾರ್ ಶುಕ್ರವಾರ. ಸಹಿ ಹಾಕ್ತೀನಿ. ಅಣ್ಣನ ಸಂಬಳ ಬಾಕಿ ತೀರುತ್ತಲ್ಲ, ಅಷ್ಟೇ," ಅಂದ. ಗೆದ್ದು ಬಂದ ಕೆಲಸ ಇಷ್ಟು ಕಹಿಯಾಗಿರುತ್ತದೆ ಅಂತ ಭಾಗಾಕಾರನಿಗೆ ಗೊತ್ತಿರಲಿಲ್ಲ.

ಗುರುವಾರ ಅವನು ರಾಜಿಯ ನಿಯಮಗಳನ್ನು ಮುಂದಿಟ್ಟುಕೊಂಡು ಹನ್ನೊಂದು ಕಾಗದಗಳನ್ನೂ ತಿದ್ದಲು ಕೂತ. ಕಾಗದ ಕಾನೂನಿಗೆ ತಕ್ಕ ಹಾಗಿದೆಯಾ ನೋಡಿ, ಎಲ್ಲಾದರೂ ಹರಿದಿದ್ದರೆ ಕಾಣದ ಹಾಗೆ ಹೊಲಿಯುವುದು ಅವನ ಪದ್ಧತಿ. ಇದುವರೆಗೆ ಹೊಲಿಗೆ ಬಿಟ್ಟವನಲ್ಲ. ಇವತ್ತು ಒಂದು ಹರುಕು ಕಂಡಿತು. ರಾಜಿಗೆ ಸಹಿ ಹಾಕಬೇಕಾದವರು 'ಮೃತರ ಅವಲಂಬಿತರು' ಅಂತ ನಿಯಮ. ಈ ಹನ್ನೊಂದರಲ್ಲಿ ಅವಲಂಬಿತರ ಎದುರು 'ಯಾರೂ ಇಲ್ಲ' ಅಂತಿದೆ.

ಮ್ಯಾನೇಜರ ಕೋಣೆಗೆ ಹೋದ. "ಸಾರ್, ಅವಲಂಬಿತರ ಕಾಲಂ..."

"ಅದನ್ನ ಮುಟ್ಬೇಡ!" ಮ್ಯಾನೇಜರು ಭಾಷಣ ಬಾಯಿಪಾಠ ಮಾಡುತ್ತಿದ್ದರು. "ಅಲ್ಲಿ ಒಂದು ಹೆಸರು ಬರೆದ್ರೆ ಲೆಕ್ಕ ಕಟ್ಟು ಅಂತಾರೆ. ಲೆಕ್ಕ ಕಟ್ಟಿದ್ರೆ ನನ್ನ ಶುಕ್ರವಾರಕ್ಕೆ ಶನಿ ಹಿಡಿದ ಹಾಗೆ. ಇದ್ದದ್ದು ಇದ್ದ ಹಾಗೇ ಇರ್ಲಿ. ಒಂದು ಚುಕ್ಕೆನೂ ಬದಲಾಗಬಾರದು. ತಿಳೀತಾ?"

"ಅದಲ್ಲ ಸಾರ್, ಸಹಿ..."

"ತಿಳೀತಾ ಅಂದೆ."

ಇನ್ನೊಂದು ಸಲ ಬಾಯಿ ತೆರೆದಿದ್ದರೆ ಹರುಕು ಮುಚ್ಚುತ್ತಿತ್ತು. ಭಾಗಾಕಾರ ಪೆನ್ನಿಗೆ ಮುಚ್ಚಳ ಹಾಕಿದ. "ತಿಳೀತು ಸಾರ್," ಅಂದ. ಹೋಗಿ ಹನ್ನೊಂದು ಫೈಲನ್ನೂ ಒಂದು ಚುಕ್ಕೆಯೂ ಬದಲಾಗದ ಹಾಗೆ ಕಟ್ಟಿಟ್ಟ. ವಿಧೇಯತೆ ಇಷ್ಟು ಹಿತವಾಗಿರುತ್ತದೆ ಅಂತಲೂ ಅವನಿಗೆ ಗೊತ್ತಿರಲಿಲ್ಲ.

ಶುಕ್ರವಾರ ಸಭಾಂಗಣ ಝಗಝಗ. ವೇದಿಕೆಯ ಹಿಂದೆ ಬ್ಯಾನರು, ಮುಂದೆ ಫೋಟೋದವನು, ಪಕ್ಕದಲ್ಲಿ ಬಾಗಿಲಿನಷ್ಟು ಉದ್ದದ ರಟ್ಟಿನ ಚೆಕ್ಕುಗಳ ರಾಶಿ. ಕೊಡುವ ಮೊತ್ತ ಚಿಕ್ಕದಾದಷ್ಟೂ ಚೆಕ್ಕು ದೊಡ್ಡದಾಗಿ ಕಾಣಬೇಕಲ್ಲ. ನ್ಯಾಯಾಧೀಶೆಗೆ ನೆಗಡಿ. ಕೈಯಲ್ಲಿ ಕರ್ಚೀಫು, ಮುಖದಲ್ಲಿ ಬೇಗ ಮನೆಗೆ ಹೋದರೆ ಸಾಕು ಅನ್ನುವ ಕಳೆ. ಮ್ಯಾನೇಜರಿಗೆ ಅದು ಶುಭಶಕುನದ ಹಾಗೆ ಕಂಡಿತು.

ಮೊದಲ ಫೈಲೇ ಕ್ಷೌರಿಕನದ್ದು. ಅವನು ಇಬ್ಬರು ಹೆಣ್ಣುಮಕ್ಕಳ ಜೊತೆ ಬಂದಿದ್ದ. ಅಪ್ಪನನ್ನು ಮನೆಯಲ್ಲಿ ಬಿಡಲಾಗದೆ ಗಾಲಿಕುರ್ಚಿಯಲ್ಲಿ ಕರೆತಂದಿದ್ದ, ಹಿಂದೆ ನೋಡಿಕೊಳ್ಳುವ ಅಣ್ಣ. ಮ್ಯಾನೇಜರು ಚೆಕ್ಕಿನ ಒಂದು ತುದಿ ಹಿಡಿದು ಸಿದ್ಧರಾಗಿ ನಿಂತರು.

ನ್ಯಾಯಾಧೀಶೆ ಕಾಗದ ಓದಿದರು. ಸೀನಿದರು. ಮತ್ತೆ ಓದಿದರು.

"ಅವಲಂಬಿತರು ಯಾರೂ ಇಲ್ಲ ಅಂತಿದೆಯಲ್ಲ?"

"ಹೌದು ಮೇಡಂ. ಮೃತರಿಗೆ ಆದಾಯ ಇರ್ಲಿಲ್ಲ."

"ಹಾಗಾದ್ರೆ ಇಲ್ಲಿ ನಿಂತಿರೋರು?"

"ಇವರು ಪತಿ. ಸ್ವಂತ ದುಡೀತಾರೆ. ಮಕ್ಕಳು ತಂದೆಯ ಅವಲಂಬಿತರು. ಹಿರಿಯರು ಮಗನ ಅವಲಂಬಿತರು. ಮೃತರನ್ನ ನೆಚ್ಚಿಕೊಂಡವರು ಅಂತ ಯಾರೂ ಇಲ್ಲ ಮೇಡಂ, ತುಂಬಾ ಕ್ಲೀನ್ ಕೇಸು."

ಗಾಲಿಕುರ್ಚಿಯಲ್ಲಿ ಮುದುಕನ ಎಡಗೈ ಮೇಲೆದ್ದಿತು. ನಡುಗುತ್ತಾ, ನಿಧಾನವಾಗಿ, ತರಗತಿಯಲ್ಲಿ ಹಾಜರಿ ಹೇಳುವವರ ಹಾಗೆ. ಅವನು ಏನೋ ಹೇಳಿದ. ಉದ್ದವಾಗಿಯೇ ಹೇಳಿದ.

"ಏನಂತಾರೆ?" ಕೇಳಿದರು ನ್ಯಾಯಾಧೀಶೆ.

"ಗೊತ್ತಿಲ್ಲ ಮೇಡಂ," ಅಂದ ಕ್ಷೌರಿಕ. "ತಿಳ್ಕೊಳ್ತಿದ್ದವಳು ಆ ಫೈಲಲ್ಲಿ ಇದ್ದಾಳೆ."

 ನ್ಯಾಯಾಧೀಶೆ ಕರ್ಚೀಫನ್ನು ಮಡಿಸಿ ಪಕ್ಕಕ್ಕಿಟ್ಟರು.

"ನೋಡಿ ಮ್ಯಾನೇಜರ್, ನನಗೆ ಬೇಜಾರಾಯ್ತು ಅಂತ ಆದೇಶ ಬರೆಯೋಕಾಗಲ್ಲ. ಆದ್ರೆ ನಿಯಮ ಓದೋಕಾಗುತ್ತೆ. ರಾಜಿಗೆ ಅವಲಂಬಿತರ ಸಹಿ ಬೇಕು. ಅವಲಂಬಿತರೇ ಇಲ್ಲ ಅಂತ ನೀವೇ ಬರೆದುಕೊಟ್ಟಿದ್ದೀರಿ. ಈಗ ಸಹಿ ಹಾಕೋರು ಯಾರು? ಒಂಟಿ ಕೈಲಿ ಚಪ್ಪಾಳೆ ಆಗಲ್ಲ, ಒಬ್ಬರೇ ರಾಜಿ ಆಗಲ್ಲ."

ಮ್ಯಾನೇಜರು ನಕ್ಕರು. "ಅಯ್ಯೋ, ಸಣ್ಣ ಬರವಣಿಗೆ ತಪ್ಪು ಮೇಡಂ. ಲೇ, ಬಾರಯ್ಯಾ ಇಲ್ಲಿ! ಹನ್ನೊಂದಕ್ಕೂ ಹೆಸರು ತುಂಬಿಸಿ, ಲೆಕ್ಕಿಗನ ಸಹಿ ಹಾಕಿಕೊಡು. ಎರಡೇ ನಿಮಿಷ ಮೇಡಂ."

ಭಾಗಾಕಾರ ವೇದಿಕೆ ಹತ್ತಿದ. ಪೆನ್ನು ತೆಗೆದ. 

"ಹೆಸರು ಬರೀತೀನಿ ಸಾರ್. ಆದ್ರೆ ಅವಲಂಬಿತರು ಅಂತ ಬರೆದ ಮೇಲೆ, ಯಾವುದನ್ನ ಅವಲಂಬಿಸಿದ್ರು ಅಂತಾನೂ ಬರೀಬೇಕು. ಮೇಲಿನ ಕಾಲಂನಲ್ಲಿ ಸೊನ್ನೆ ಇಟ್ಟು ನಾನು ಸಹಿ ಹಾಕಲ್ಲ. ಸೊನ್ನೆಗೆ ಒರಗಿ ಯಾರೂ ಬದುಕೋಕಾಗಲ್ಲ."

"ಸೊನ್ನೆ ಹಾಕ್ದೋನು ನೀನೇ ಕಣೋ!" ಮ್ಯಾನೇಜರು ಹಲ್ಲು ಕಚ್ಚಿಕೊಂಡು ಪಿಸುಗುಟ್ಟಿದರು. ಮೈಕು ಹತ್ತಿರವೇ ಇತ್ತು. ಪಿಸುಮಾತು ಹಿಂದಿನ ಸಾಲಿನವರೆಗೂ ಸ್ಪಷ್ಟವಾಗಿ ಕೇಳಿಸಿತು.

"ಹೌದು ಸಾರ್, ನಾನೇ. ಅದಕ್ಕೇ ತೆಗೀಬೇಕಾದವನೂ ನಾನೇ. ಅಡುಗೆಯವರ, ಎರಡು ತಿಂಗಳಿಂದ ಸಂಬಳ ಸಿಗದ ಆರೈಕೆಯವರ, ಒಗೆಯೋರ ಸಂಬಳ ಕೂಡಿ ಬರೀಲಾ?"

ಬರೆದರೆ ಹನ್ನೊಂದಕ್ಕೂ ಬರೆಯಬೇಕು. ಬರೆಯದಿದ್ದರೆ ಒಂದೂ ರಾಜಿಯಾಗದು. ಮ್ಯಾನೇಜರು ಚೆಕ್ಕಿನ ತುದಿಯನ್ನು ಒಂದು ಕೈಯಿಂದ ಇನ್ನೊಂದು ಕೈಗೆ ಬದಲಾಯಿಸಿದರು.

ನ್ಯಾಯಾಧೀಶೆ ಇಬ್ಬರ ಮುಖವನ್ನೂ ನೋಡಿ ಪೆನ್ನು ಎತ್ತಿಕೊಂಡರು. "ಸರಿ. ಹನ್ನೊಂದೂ ಪೂರ್ತಿ ವಿಚಾರಣೆಗೆ. ಸತ್ತವರು ಮನೇಲಿ ಏನೇನು ಮಾಡ್ತಿದ್ರು ಅಂತ ಸಾಕ್ಷಿ ಸಮೇತ ಬನ್ನಿ. ಈ ಹಿರಿಯರ ಆರೈಕೆಯವರ ಸಂಬಳವನ್ನ ತೀರ್ಪು ಬರೋವರೆಗೆ ಕಂಪನಿ ಕಟ್ಟಲಿ, ಬಾಕಿನೂ ಸೇರಿಸಿ."

"ಅಂದ್ರೆ ನಾನು ಹೋಗ್ಬೇಕಾಗಿಲ್ವಾ?" ಗಾಲಿಕುರ್ಚಿಯ ಹಿಂದೆ ನಿಂತಿದ್ದ ಅಣ್ಣ ಪಕ್ಕದವರನ್ನು ಕೇಳಿದ.

ನ್ಯಾಯಾಧೀಶೆ ಸೀನುತ್ತಾ ಇಳಿದು ಹೋದರು. ಜನ ಏಳತೊಡಗಿದರು. ವೇದಿಕೆಯ ಮೇಲೆ ಮ್ಯಾನೇಜರು ರಟ್ಟಿನ ಚೆಕ್ಕಿನ ಒಂದು ತುದಿ ಹಿಡಿದು ಹಾಗೇ ನಿಂತಿದ್ದರು. ಇನ್ನೊಂದು ತುದಿ ನೆಲಕ್ಕೆ ಬಾಗಿತ್ತು. ಆದೇಶವನ್ನು ಸರಿಯಾಗಿ ಕೇಳಿಸಿಕೊಳ್ಳದ ಫೋಟೋದವನು ಕ್ಯಾಮೆರಾ ಎತ್ತಿ ಕೂಗಿದ.

"ಸಾರ್, ಆ ಕಡೆ ತುದಿ ಯಾರಾದ್ರೂ ಹಿಡ್ಕೊಳ್ಳಿ!"

ಹಿಡಿಯಲು ಯಾರೂ ಇರಲಿಲ್ಲ. ಕಂಪನಿಯ ದಾಖಲೆಯೂ ಅದನ್ನೇ ಹೇಳುತ್ತಿತ್ತು.